ಆರು ಇಂಚಿನ ಮಣೆ

ನಾಟಕಕ್ಕೆ ಇನ್ನು ಐದೇ ದಿನ ಇರುವಾಗ ಇಂಚುಪಟ್ಟಿ ನನ್ನ ಮೇಜಿನ ನಾಲ್ಕೂ ಕಾಲುಗಳನ್ನು ಕತ್ತರಿಸಿ ಹಾಕಿದ್ದ.

ಇಂಚುಪಟ್ಟಿ ಅಂದರೆ ನಮ್ಮ ತಂಡದ ಬಡಗಿ. ಕೊರಳಲ್ಲಿ ಸದಾ ಅಳತೆ ಟೇಪು, ಬಾಯಲ್ಲಿ ಸದಾ ಇಂಚಿನ ಲೆಕ್ಕ. ಹಾಗಾಗಿ ನಟರು ಇಟ್ಟ ಹೆಸರು ಅದು. ಅವನದು ಮಾತು ಕಡಿಮೆ, ನಗು ಅದಕ್ಕಿಂತ ಕಡಿಮೆ. ಆದರೆ ಆ ನಗು ಬಂದಾಗ ನಾನೇ ಬರೆದ ಸಂಭಾಷಣೆ ನನಗೇ ಮರೆತುಹೋಗುತ್ತಿತ್ತು. ಒಂದೂವರೆ ತಿಂಗಳಿನಿಂದ ಈ ಫಜೀತಿ ನಡೆದಿತ್ತು. ಯಾರಿಗೂ ಹೇಳಿರಲಿಲ್ಲ, ಅವನಿಗಂತೂ ಇಲ್ಲವೇ ಇಲ್ಲ.

ಅವತ್ತು ಬೆಳಿಗ್ಗೆ ಮೇಜು ರಂಗದ ಮೇಲೆ ಕುಳ್ಳಗೆ ನಿಂತಿತ್ತು. ಪಕ್ಕದಲ್ಲಿ ಅವನು ಮರದ ಪುಡಿ ಗುಡಿಸುತ್ತಿದ್ದ. ನನ್ನ ಪಿತ್ತ ನೆತ್ತಿಗೇರಿತು.

“ಯಾರು ಹೇಳಿದ್ರು ಇದನ್ನ ಕತ್ತರಿಸೋಕೆ?”

“ಯಾರೂ ಹೇಳಲಿಲ್ಲ. ಮೊನ್ನೆ ತಾಲೀಮಲ್ಲಿ ನಿಮ್ಮ ಅಜ್ಜಿ ಈರುಳ್ಳಿ ಹೆಚ್ಚುವಾಗ ಅವರ ಹಿಮ್ಮಡಿ ನೆಲಕ್ಕೆ ತಾಗ್ತಿರಲಿಲ್ಲ. ಅವರಿಗೆ ಮೇಜು ಆರು ಇಂಚು ಹೆಚ್ಚು ಎತ್ತರ ಇತ್ತು.”

“ಆ ಆರು ಇಂಚೇ ನನ್ನ ನಾಟಕ ಕಣ್ರೀ.”

ತಪ್ಪು ಪೂರ್ತಿ ಅವನದಲ್ಲ. ನಟರಿಗೆಲ್ಲ ನಾಟಕದ ಪ್ರತಿ ಕೊಟ್ಟಿದ್ದೆ, ಬಡಗಿಗೆ ಕೊಟ್ಟಿದ್ದು ಸಾಮಾನಿನ ಪಟ್ಟಿ ಮಾತ್ರ. ಆ ಪಟ್ಟಿಯಲ್ಲಿ ಮೇಜಿನ ಮುಂದೆ ಹತ್ತಿ ನಿಲ್ಲುವ ಮಣೆ ಇರಲಿಲ್ಲ, ಏಕೆಂದರೆ ಅಸಲಿ ಮಣೆಯೇ ನಮ್ಮ ಮನೆಯಲ್ಲಿತ್ತು.

ನಾಟಕ ನಮ್ಮದೇ ಕತೆ, ತಮಿಳು ಕುಟುಂಬವೊಂದರ ಮೂರು ತಲೆಮಾರು. ಮೊದಲ ಅಂಕದಲ್ಲಿ ಹತ್ತೊಂಬತ್ತರ ಹುಡುಗಿ ಗಂಡನ ಹಿಂದೆ ಹಡಗು ಹತ್ತಿ ಬಂದು, ಭಾಷೆ ಬಾರದ ಊರಿನ ದೊಡ್ಡ ಆಸ್ಪತ್ರೆಯ ಅಡುಗೆಮನೆ ಸೇರುತ್ತಾಳೆ. ಅಲ್ಲಿನ ಮೇಜುಗಳೆಲ್ಲ ಎತ್ತರದವರಿಗೆ ಮಾಡಿದವು. ಅವಳು ಮನೆಯಿಂದ ಒಂದು ಮಣೆ ತಂದು, ಅದರ ಮೇಲೆ ನಿಂತು ಮೂವತ್ತೊಂದು ವರ್ಷ ತರಕಾರಿ ಹೆಚ್ಚುತ್ತಾಳೆ. ಎರಡನೇ ಅಂಕದಲ್ಲಿ ಅವಳ ಮಗ ಅದೇ ಆಸ್ಪತ್ರೆಯಲ್ಲಿ ಗುಮಾಸ್ತನಾಗುತ್ತಾನೆ. ತಾಯಿ ಕೆಳಗಿನ ಅಡುಗೆಮನೆಯಲ್ಲಿದ್ದಾಳೆಂದು ಯಾರ ಮುಂದೆಯೂ ಬಾಯಿ ಬಿಡುವುದಿಲ್ಲ. ಅವನು ನನ್ನ ಅಪ್ಪ. ಮೂರನೇ ಅಂಕದಲ್ಲಿ ಮೊಮ್ಮಗಳು ಆ ಮಣೆ ಹತ್ತಿ ನಿಂತು, ನಾವು ಮೇಲೆ ಬಂದದ್ದು ಇದರ ಮೇಲೆ ನಿಂತೇ ಎಂದು ಎರಡು ಪುಟ ಭಾಷಣ ಬಿಗಿಯುತ್ತಾಳೆ. ಅವಳು ನಾನು. ಕನ್ನಡಕದ ಅಂಗಡಿಯಲ್ಲಿ ಕೆಲಸ ಮಾಡುತ್ತ, ಊಟದ ಬಿಡುವಿನಲ್ಲಿ ಬರೆದ ನಾಟಕ ಅದು.

ಬರೆದದ್ದು ಪಾಟಿಗಾಗಿ, ಅಂದರೆ ಅಪ್ಪನ ತಾಯಿಗಾಗಿ. ಮೊದಲ ಸಾಲಿನ ನಡುವಿನ ಕುರ್ಚಿ ಅವಳದೇ ಎಂದು ಹಟ ಹಿಡಿದಿದ್ದೆ. ಅವಳೋ ಬರುವುದಿಲ್ಲ ಎಂದು ಕಡ್ಡಿ ಮುರಿದಂತೆ ಹೇಳಿದ್ದಳು. ಆಯುಸ್ಸೆಲ್ಲ ಮಣೆ ಮೇಲೆ ನಿಂತದ್ದು ಸಾಲದೆಂದು ಅದನ್ನು ಕೂತು ಬೇರೆ ನೋಡಬೇಕೇ ಎಂದು ಕೇಳಿದ್ದಳು. ಮೊನ್ನೆ ತಾಲೀಮಿಗೆ ಬಂದದ್ದು ಕೂಡ, ಅವಳ ಪಾತ್ರ ಮಾಡುವ ನಟಿಗೆ ಚಾಕು ಹಿಡಿಯಲು ಬರುವುದಿಲ್ಲ ಎಂದು ಕೇಳಿ ತಡೆಯಲಾರದೆ.

ಇಷ್ಟನ್ನೂ ಇಂಚುಪಟ್ಟಿಗೆ ಏರುದನಿಯಲ್ಲೇ ಹೇಳಿದೆ. ಅವನ ಮುಖ ಸಣ್ಣದಾಯಿತು. ಕಾಲುಗಳನ್ನು ಮತ್ತೆ ಜೋಡಿಸಿಕೊಡುತ್ತೇನೆ ಎಂದ. ಜೋಡಿಸಿದ ಕಾಲು ಅಲುಗಾಡುತ್ತದೆ ಎಂದೆ. ಹಾಗಾದರೆ ಹೊಸದನ್ನೇ ಮಾಡುತ್ತೇನೆ ಎಂದು ತೋಳು ಮಡಚಿಕೊಂಡ. ಆ ತೋಳುಗಳನ್ನು ನೋಡಬಾರದೆಂದು ನಾನು ಬೇಕೆಂದೇ ಕಿಟಕಿಯ ಕಡೆ ತಿರುಗಿದೆ.

ಅಷ್ಟರಲ್ಲಿ ಪಾಟಿ ಬಂದಳು. ನಟಿಯ ಹತ್ತಿರ ಬಿಟ್ಟುಹೋಗಿದ್ದ ತನ್ನ ಚಾಕು ಅವಳಿಗೆ ವಾಪಸ್ ಬೇಕಿತ್ತು. ಬಂದವಳು ಮೇಜಿನ ಮುಂದೆ ನಿಂತಳು. ಎರಡೂ ಅಂಗೈಗಳನ್ನು ಅದರ ಮೇಲಿಟ್ಟಳು. ಬುಟ್ಟಿಯಿಂದ ಒಂದು ಈರುಳ್ಳಿ ತೆಗೆದು, ಅವಸರವಿಲ್ಲದೆ ಪೂರ್ತಿ ಹೆಚ್ಚಿದಳು. ಅವಳ ಭುಜ ಅಷ್ಟು ಕೆಳಗಿಳಿದು ಹಗುರಾಗಿದ್ದನ್ನು ನಾನು ಯಾವತ್ತೂ ನೋಡಿರಲಿಲ್ಲ.

“ಯಾರು ಮಾಡಿದ್ದು ಇದನ್ನ?”

ಇಂಚುಪಟ್ಟಿ ತರಗತಿಯಲ್ಲಿ ಸಿಕ್ಕಿಬಿದ್ದವನಂತೆ ಕೈ ಎತ್ತಿದ.

“ನನ್ನ ಅಳತೆ ಯಾವಾಗ ತಗೊಂಡ್ಯಪ್ಪ?”

“ಕಣ್ಣಳತೆ ಅಜ್ಜಿ.”

ಪಾಟಿ ಚಾಕು ಒರೆಸಿದಳು. “ಮೂವತ್ತೊಂದು ವರ್ಷ ಆ ಅಡುಗೆಮನೇಲಿದ್ದೆ. ಮೇಜು ತಗ್ಗಿಸಬಹುದು ಅಂತ ಅಲ್ಲಿ ಒಬ್ಬರಿಗೂ ಹೊಳೀಲಿಲ್ಲ. ನನಗೂ ಹೊಳೀಲಿಲ್ಲ ನೋಡು.”

ನನಗೂ ಹೊಳೆದಿರಲಿಲ್ಲ. ಅರವತ್ತನಾಲ್ಕು ಪುಟ ಬರೆದು, ಮಣೆಯನ್ನು ಪದಕದ ಹಾಗೆ ಎತ್ತಿ ತೋರಿಸಲು ಹೊರಟಿದ್ದೆ. ಅದರ ಮೇಲೆ ನಿಂತವಳ ಕಾಲು ನೋಯುತ್ತಿತ್ತೇ ಎಂದು ಒಂದು ದಿನವೂ ಕೇಳಿರಲಿಲ್ಲ. ಒಂದೂವರೆ ತಿಂಗಳಿನಿಂದ ನಮ್ಮ ಜೊತೆಗಿರುವ ಬಡಗಿ ಅವಳ ಹಿಮ್ಮಡಿ ನೋಡಿದ್ದ. ನನಗೆ ನಾಚಿಕೆಯಾಯಿತು.

ಪಾಟಿ ಹೋದ ಮೇಲೆ ಅವನಿಗೆ ನನ್ನ ನಿರ್ಧಾರ ಹೇಳಿದೆ. ಮೊದಲ ಅಂಕಕ್ಕೆ ಎತ್ತರದ ಹೊಸ ಮೇಜು ಬೇಕು, ಮೂರನೆಯದಕ್ಕೆ ಈ ತಗ್ಗಿನದು. ಕೊನೆಯ ಅಂಕವನ್ನು ನಾನು ಮತ್ತೆ ಬರೆಯುತ್ತೇನೆ. ಪಾಟಿ ಬಂದರೂ ಸರಿ, ಬರದಿದ್ದರೂ ಸರಿ, ಅವಳಿಗೆ ಸಲ್ಲಬೇಕಾದ ನಾಟಕವನ್ನೇ ಆಡುತ್ತೇವೆ. ನಾಲ್ಕು ದಿನ ಸಾಕೇ ಎಂದು ಕೇಳಿದೆ. ಕೈ ಜೋಡಿಸುವವರಿದ್ದರೆ ಸಾಕು ಎಂದ.

ಹೀಗೆ ನಾನು ಅಂಗಡಿಗೆ ರಜೆ ಹಾಕಿ, ಅವನ ಶೆಡ್ಡಿಗೆ ಹೋಗಿ ಮರ ಉಜ್ಜತೊಡಗಿದೆ. ಬೆಳಿಗ್ಗೆ ಬರೆಯುವುದು, ಮಧ್ಯಾಹ್ನ ಉಜ್ಜುಕಾಗದ ಹಿಡಿಯುವುದು.

“ಮೇಡಂ, ಮರಕ್ಕೆ ಬೈದ್ರೆ ಅದು ನುಣುಪಾಗಲ್ಲ.”

“ನಾನೆಲ್ಲಿ ಬೈದೆ?”

“ಕೈಯಲ್ಲಿ ಬೈತಿದ್ದೀರಿ.”

ನನ್ನ ಹುಬ್ಬಿನ ಮೇಲೆ ಮರದ ಪುಡಿ ಕೂತಿತ್ತಂತೆ. ಒರೆಸುವ ಧೈರ್ಯವಿಲ್ಲದೆ ಅವನು ತನ್ನ ಹುಬ್ಬನ್ನೇ ಮುಟ್ಟಿ ತೋರಿಸಿದ. ನಾನು ಇನ್ನೊಂದು ಹುಬ್ಬು ಒರೆಸಿಕೊಂಡೆ. ಅವನು ಮತ್ತೆ ತೋರಿಸಿದ, ನಾನು ಮತ್ತೆ ತಪ್ಪಿದೆ. ಮೂರನೇ ಸಲಕ್ಕೆ ಅವನಿಗೆ ನನ್ನ ಆಟ ತಿಳಿಯಿತು. ಹೆಬ್ಬೆರಳಿನಿಂದ ಮೆಲ್ಲನೆ ಒರೆಸಿ, ಏನೂ ಆಗದವನ ಹಾಗೆ ಮೊಳೆ ಎಣಿಸತೊಡಗಿದ. ಅವನ ಕಿವಿ ಮಾತ್ರ ಕೆಂಪಗಾಗಿತ್ತು. ನನಗೆ ಆ ಮಧ್ಯಾಹ್ನ ಮುಗಿಯುವುದೇ ಬೇಡ ಅನ್ನಿಸಿತು.

ಕೊನೆಯ ದಿನ, ರಂಗದ ಮೇಲೆ ಮೇಜಿನ ಕಾಲು ಬಿಗಿಮಾಡುತ್ತ ಅವನು ತಲೆ ಎತ್ತದೆ ಒಂದು ಮಾತು ಹೇಳಿದ.

“ಆಟ ಮುಗಿದು ಸೆಟ್ ಬಿಚ್ಚಿದ ಮೇಲೆ ಈ ಕಡೆ ಬರೋಕೆ ನನಗೆ ಕಾರಣ ಇರಲ್ಲ.”

ಅದಕ್ಕೆ ಏನು ಉತ್ತರ ಕೊಡಬೇಕೆಂದು ಗೊತ್ತಿತ್ತು. ಆದರೂ ಮೇಜು ಚೆನ್ನಾಗಿ ಬಂದಿದೆ ಎಂದಷ್ಟೇ ಹೇಳಿದೆ.

ಅಂದು ಸಂಜೆ ಪಾಟಿಯನ್ನು ಮತ್ತೆ ಕರೆದೆ. ಅವಳು ಹೂಂ ಎನ್ನಲಿಲ್ಲ, ಊಹೂಂ ಎನ್ನಲಿಲ್ಲ. ನಟಿಗೆ ಯಾವ ಬಣ್ಣದ ಸೀರೆ ಉಡಿಸುತ್ತೀಯ ಎಂದಷ್ಟೇ ಕೇಳಿದಳು.

ಮರುದಿನ ಮೊದಲ ಗಂಟೆ ಬಾರಿಸಿದಾಗ ನಡುವಿನ ಕುರ್ಚಿ ಖಾಲಿ. ಎರಡನೇ ಗಂಟೆಗೂ ಖಾಲಿ. ತಡೆಯೋಣವೇ ಎಂದು ಯಾರೋ ಕೇಳಿದರು. ಬೇಡ, ಶುರು ಮಾಡಿ ಎಂದೆ. ಮೂರನೇ ಗಂಟೆಗೆ ಬಾಗಿಲು ತೆರೆಯಿತು. ಪಾಟಿ ಅಪ್ಪನ ತೋಳು ಹಿಡಿದು, ಎಲ್ಲರೂ ನೋಡುವ ಹಾಗೆ ನಡುದಾರಿಯಲ್ಲಿ ನಡೆದು ಬಂದಳು. ಅಪ್ಪ ದಾರಿಯುದ್ದಕ್ಕೂ, ನಮ್ಮಮ್ಮ, ನಮ್ಮಮ್ಮ ಎಂದು ಎಲ್ಲರಿಗೂ ಹೇಳಿ ಜಾಗ ಬಿಡಿಸುತ್ತಿದ್ದರು.

ಮೂರನೇ ಅಂಕದಲ್ಲಿ ಈಗ ಭಾಷಣವಿರಲಿಲ್ಲ. ಮೊಮ್ಮಗಳ ಪಾತ್ರದವಳು ಎರಡು ಪುಟ ಹೋಯಿತೆಂದು ಎರಡು ದಿನ ಮುಖ ಊದಿಸಿಕೊಂಡಿದ್ದಳು. ಅವಳಿಗೆ ಉಳಿದದ್ದು ಒಂದೇ ಪ್ರಶ್ನೆ. ಅಜ್ಜಿಗೊಂದು ಮೇಜು ಮಾಡಿಸಲು ಹೊರಟು ಕೇಳುತ್ತಾಳೆ: “ಪಾಟಿ, ನಿನ್ನ ಎತ್ತರ ಎಷ್ಟು?”

ರಂಗದ ಮೇಲಿನ ಅಜ್ಜಿ ಬಾಯಿ ತೆರೆಯುವ ಮೊದಲೇ ಮುಂದಿನ ಸಾಲಿನಿಂದ ಉತ್ತರ ಬಂತು.

“ನಾಲ್ಕಡಿ ಎಂಟಿಂಚು.”

ಸಭೆ ನಕ್ಕಿತು. ತಗ್ಗಿನ ಮೇಜು ರಂಗಕ್ಕೆ ಬಂದು, ಅಜ್ಜಿ ಅದರ ಮುಂದೆ ನಿಂತು ಹೆಚ್ಚತೊಡಗಿದಾಗ ಚಪ್ಪಾಳೆ ಶುರುವಾಗಿ ನಿಲ್ಲಲೇ ಇಲ್ಲ. ರಂಗದ ಬದಿಯ ವಿಂಗಿನ ಕತ್ತಲಲ್ಲಿ ನಾನು ಬಿಕ್ಕಿ ಬಿಕ್ಕಿ ಅಳುತ್ತಿದ್ದೆ. ಪಕ್ಕದಲ್ಲಿ ಪರದೆ ಎಳೆಯಲು ಕಾದು ನಿಂತಿದ್ದ ಇಂಚುಪಟ್ಟಿಯ ಎಡಗೈಯನ್ನು ಹಿಡಿದುಬಿಟ್ಟೆ.

“ಈ ಕಡೆ ಬರೋಕೆ ಕಾರಣ ಬೇಕಿದ್ರೆ ನಾನಿದ್ದೀನಿ,” ಎಂದೆ. “ನನಗೆ ನೀವು ಬೇಕು. ಬರೀ ನಾಟಕಕ್ಕಲ್ಲ.”

ಅವನು ನನ್ನ ಕಡೆ ತಿರುಗಿದ. “ನಿಮ್ಮ ಮನೆಗೆ ಬಂದು ಕೇಳಬೇಕು ಅಂತಿದ್ದೆ.”

“ಮೊದಲು ನನ್ನನ್ನ ಕೇಳಿ.”

“ಕೇಳ್ತಿದ್ದೀನಿ.”

“ಹೂಂ.”

ಪರದೆಯ ಹಗ್ಗ ಎಳೆಯಲು ಎರಡು ಕೈ ಬೇಕು. ಅವನು ತನ್ನ ಕೈ ಬಿಡಿಸಿಕೊಳ್ಳಲಿಲ್ಲ, ನಾನೂ ಬಿಡಲಿಲ್ಲ. ಅವನ ಬಲಗೈ, ನನ್ನ ಎಡಗೈ ಸೇರಿ ಹಗ್ಗ ಎಳೆದವು. ಪರದೆ ಒಂದಿಷ್ಟು ತಡವಾಗಿ, ಒಂದಿಷ್ಟು ಸೊಟ್ಟಗೆ ಮುಚ್ಚಿಕೊಂಡಿತು.