ಮೂರು ಲಾಳಗಳ ಕಳವು

“ನನ್ನ ಮಗಳು ತೀರಿಕೊಂಡು ಎರಡು ತಿಂಗಳಾತ್ರಿ. ಹ್ವಾದ ಬುಧವಾರ ಆಕಿ ಕಳವು ಮಾಡ್ಯಾಳಂತ.”

ರಾಹೇಲ ಟೀಚರು ಇಷ್ಟು ಹೇಳಿ, ಒದ್ದೆ ಕೊಡೆಯನ್ನು ಮಡಿಲಲ್ಲಿಟ್ಟುಕೊಂಡು ಕುಳಿತುಬಿಟ್ಟರು. ಹೀರೇಕಾಯಿ ಹೆರೆಯುತ್ತಿದ್ದ ನನ್ನ ಕೈ ನಿಂತಿತು. ಯಶೋಧರಾ ಮಾತ್ರ ಎದ್ದು ಕೊಡೆಯನ್ನು ಮೆಲ್ಲಗೆ ತೆಗೆದು ಮೂಲೆಗಿಟ್ಟಳು, ಅವರ ಕೈಗೆ ಒಣ ಟವೆಲ್ ಕೊಟ್ಟಳು. ಆಮೇಲೆ, “ಎಲ್ಲಿ ಕಳವಾತು, ಅದನ್ನ ಮೊದಲ ಹೇಳ್ರಿ” ಎಂದಳು.

ಯಶೋಧರಾ ಮೂವತ್ತನಾಲ್ಕು ವರ್ಷ ಜೈಲಿನ ಕಚೇರಿಯಲ್ಲಿ ಕೈದಿಗಳ ಕಡತ ನೋಡಿಕೊಂಡವಳು. ನಿವೃತ್ತಳಾದ ಮೇಲೆ ರಾಯಾಪುರದಲ್ಲಿ ಮನೆ ಮಾಡಿದಳು. ಪೊಲೀಸರ ಬಳಿಗೆ ಒಯ್ಯಲಾಗದ ಸಂಗತಿಗಳನ್ನು ಜನ ಅವಳ ಬಳಿಗೆ ತರುತ್ತಾರೆ. ಪಕ್ಕದ ಮನೆಯ ಭಾಗ್ಯಾ ನಾನು. ಕಾಲೇಜೊಂದರ ಗ್ರಂಥಾಲಯದಲ್ಲಿ ಜೀವನ ಕಳೆದವಳಾದ್ದರಿಂದ ಅವನ್ನೆಲ್ಲ ಬರೆದಿಡುವ ಕೆಲಸ ನನ್ನ ಪಾಲಿಗೆ ಬಂತು.

“ಮೊಬೈಲ್ ಆಟದಾಗ ಕಳವಾಗೈತ್ರಿ. ಸಪ್ತನಗರಿ ಅಂತ ಆಟ” ಎಂದರು ರಾಹೇಲ ಟೀಚರು.

ಅವರು ಹೇಳಿದ್ದು ಹೀಗೆ. ಆ ಆಟದಲ್ಲಿ ಸಾವಿರಾರು ಜನ ಏಕಕಾಲಕ್ಕೆ ಇರುತ್ತಾರೆ. ಪ್ರತಿಯೊಬ್ಬರಿಗೂ ಅಲ್ಲಿ ಒಂದು ಹೆಸರು, ಒಂದು ರೂಪ, ಒಂದು ಮನೆ, ಒಂದು ಕಸುಬು. ಶ್ವಾಸಕೋಶದ ಕಾಯಿಲೆಯಿಂದ ಎರಡು ವರ್ಷ ಹಾಸಿಗೆ ಹಿಡಿದಿದ್ದ ಮಗಳು ಪ್ರಿಸಿಲ್ಲಾ ಅಲ್ಲಿ ‘ಪಿಲ್ಲಿ’ ಎಂಬ ಹೆಸರಿನಲ್ಲಿ ಮನೆ ಕಟ್ಟಿ, ಹಿತ್ತಲು ಬೆಳೆಸಿದ್ದಳು. ಅವಳು ಹೋದ ಮೇಲೆ ಗೆಳತಿ ಋತುಜಾ ಪ್ರತಿ ರವಿವಾರ ಚರ್ಚಿನ ಬಾಗಿಲಲ್ಲಿ ಕಾದು ನಿಂತು, ತನ್ನ ಫೋನಿನಲ್ಲಿ ಆ ಮನೆಯನ್ನು ತಾಯಿಗೆ ತೋರಿಸುತ್ತಿದ್ದಳಂತೆ.

“ಹಿತ್ತಲದಾಗ ಗಿಡಾ ಎಲ್ಲಾ ಹಸರಾಗೇ ಇರ್ತಿದ್ದುವ್ರಿ. ಅದನ್ನ ನೋಡಿದ್ರ ವಾರ ದಾಟತಿತ್ತು. ನಿನ್ನೆ ನೋಡ್ತೇನಿ, ಮನಿಗೆ ಕೀಲಿ ಹಾಕ್ಯಾರ! ಅಲ್ಲಿ ಊರ ಚಾವಡಿ ಮ್ಯಾಲೆ ಕೆಂಪಕ್ಷರದಾಗ ‘ಪಿಲ್ಲಿ, ಕಳ್ಳಿ’ ಅಂತ ಬರದಾರ. ಸಾಲ್ಯಾಗ ಪೆನ್ಸಿಲ್ ಸಿಕ್ಕರೂ ತಂದು ನನ್ನ ಟೇಬಲ್ ಮ್ಯಾಲೆ ಇಡಾಕಿ ಆಕಿ.” ಅವರು ಟವೆಲ್ಲಿನಿಂದ ಕಣ್ಣೊತ್ತಿಕೊಂಡರು. “ಆಕಿ ಹೆಸರು ತೊಳದು ಕೊಡ್ರಿ. ನನಗ ಮತ್ತೇನೂ ಬ್ಯಾಡ.”

“ಫಿರ್ಯಾದಿ ಕೊಟ್ಟಾವರು ಯಾರು?”

“ಸಲ್ಮಾನ ಅಂತ. ತಾರಿಹಾಳದಾಗ ಲೇತ್ ಮಶೀನ್ ಮ್ಯಾಲೆ ಕೆಲಸ. ಆಟದಾಗ ಕಮ್ಮಾರ. ಹಿಂದ ಒಮ್ಮೆ ಪ್ರಿಸಿಲ್ಲಾ ಆತನ್ನ ಆ ಆಟದಾಗಿನ ಜೈಲಿಗೆ ಹಾಕಿಸಿದ್ಳಂತ. ಆ ಸಿಟ್ಟು ಸತ್ತಾಕಿ ಮ್ಯಾಲೆ ತೀರಿಸ್ಯಾನ. ಎಂಥಾ ಮನಶ್ಯಾರಿ!”

“ಆಕಿ ಫೋನು?”

“ಟ್ಯಾಬ್ ಇತ್ತು. ನನ್ನ ಟ್ರಂಕಿನ್ಯಾಗ ಐತಿ, ಚಾರ್ಜ್ ಸೈತ ಇಲ್ಲ. ಟ್ರಂಕಿನ ಕೀಲಿಕೈ ನನ್ನ ಕೊಳ್ಳಾಗ. ನಮ್ಮಕ್ಕನ ಮಗ ಹೆನ್ರಿ ಆಕಿ ಸಿಮ್ಮು, ಬ್ಯಾಂಕು ಎಲ್ಲಾ ಬಂದ್ ಮಾಡಸಾಕ ಪಾಪ ಒಬ್ಬನ ಓಡ್ಯಾಡ್ಯಾನ. ಆತಗೂ ಟ್ಯಾಬ್ ಕೊಟ್ಟಿಲ್ಲ.”

ಮರುದಿನ ನಾವು ಗೋಕುಲ ರಸ್ತೆಯ ಬಟ್ಟೆ ಅಂಗಡಿಗೆ ಹೋದೆವು. ಋತುಜಾ ಅಲ್ಲಿ ಕೆಲಸಕ್ಕಿದ್ದಳು. ಊಟದ ಬಿಡುವಿನಲ್ಲಿ ಡಬ್ಬಿ ಬಿಚ್ಚಿ, ನಮಗಿಬ್ಬರಿಗೂ ಅರ್ಧರ್ಧ ಚಪಾತಿ ಕೊಟ್ಟ ಮೇಲೆಯೇ ಮಾತಿಗೆ ಕುಳಿತಳು.

“ಆಟದಾಗ ಕಳವು ಮಾಡಿದ್ರ ಏನಾಗತೈತಿ?” ಎಂದು ಯಶೋಧರಾ ಕೇಳಿದಳು.

“ಮಾಲಕ ಫಿರ್ಯಾದಿ ಕೊಟ್ರಷ್ಟ ಅದು ಅಪರಾಧ, ಅಜ್ಜಿ. ಮೊದಲನೇ ಸಲ ಹೆಸರು ಹಳದಿ. ಎರಡನೇ ಸಲ ಪೇಟ್ಯಾಗ ವ್ಯಾಪಾರ ಬಂದ್. ಮೂರನೇ ಸಲಕ್ಕ ಹೆಸರು ಕೆಂಪು, ನೂರು ತಾಸು ಜೈಲು. ಆಟಗಾರ ಖುದ್ದ ಒಳಗ ಬಂದು ಕೂತ ತಾಸಷ್ಟ ಎಣಿಸ್ತಾರ. ಫಿರ್ಯಾದಿ ಕೊಟ್ಟಾತ ಕ್ಷಮಿಸಿದ್ರ ಅವತ್ತ ಬಿಡುಗಡಿ.”

“ಕದ್ದದ್ದೇನು?”

“ಕುದರಿ ಲಾಳ. ಹನ್ನೆರಡು ನಿಮಿಷದಾಗ ಮೂರು ಸಲ, ಸಲಕ್ಕೊಂದ. ಬಾಜೂಕ ಬೆಳ್ಳಿ ಕತ್ತಿ ತೂಗಾಕತ್ತಿತ್ತು, ಅದನ್ನ ಮುಟ್ಟಿಲ್ಲ.”

“ನೀ ನೋಡಿದ್ಯಾ?”

ಋತುಜಾ ಚಪಾತಿ ಕೆಳಗಿಟ್ಟಳು. “ಎದುರಿಗೇ ಇದ್ದೆ. ಮಧ್ಯಾಹ್ನ ಒಂದೂ ಹತ್ತು. ಪಿಲ್ಲಿ ಬಂದದ್ದ ನೋಡಿ ಹತ್ತಿರ ಓಡಿದೆ. ಮಾತಾಡಿಸಿದೆ, ಉತ್ತರಿಲ್ಲ. ಆಕಿ ಲಾಳ ತಗೊಳ್ಳೂಮುಂದ ಸಲ್ಮಾನ ಕಂಬ ನಿಂತ್ಹಂಗ ನಿಂತಿದ್ದ. ಆಕಿ ನಿಂತ ಮ್ಯಾಲೆ ಆತ ಹೋಗಿ ಫಿರ್ಯಾದಿ ಬರಸ್ತಿದ್ದ. ಮೂರು ಸಲಾನೂ ಹಂಗ. ಆಕಿ ಓಡಿಹೋಗ್ಲೇ ಇಲ್ಲಜ್ಜಿ.”

“ಹಿತ್ತಲಕ್ಕ ನೀರು ನೀ ಹಾಕ್ತಿದ್ದೆ ಏನು?”

“ಮಾಲಕರ ಹೊರತು ಯಾರಿಗೂ ಬರೂದಿಲ್ರಿ.”

ಯಶೋಧರಾ ಆ ಜೈಲನ್ನು ನೋಡಬೇಕೆಂದಳು. ಋತುಜಾ ಫೋನಿನಲ್ಲಿ ನಮ್ಮನ್ನು ಕಲ್ಲಿನ ಕಟ್ಟಡವೊಂದರ ಮುಂದೆ ಕರೆದೊಯ್ದಳು. ಗೋಡೆಯ ಮೇಲಿನ ನಿಯಮಗಳನ್ನು ನಾನೂ ಓದಿದೆ: ಭೇಟಿಗೆ ಬರುವವರು ಬಾಗಿಲಾಚೆ ಕುಳಿತುಕೊಳ್ಳಬಹುದು, ಒಳಗೆ ಆಯುಧ ಒಯ್ಯಬಾರದು, ಶಿಕ್ಷೆ ಬಾಕಿ ಇರುವವರ ಖಾತೆಯನ್ನು ಯಾವ ಕಾರಣಕ್ಕೂ ಮುಚ್ಚಲಾಗದು.

“ಕೆಲವರು ಕಳವು ಮಾಡಿ, ಖಾತೆ ಅಳಿಸಿ, ಹೊಸಾ ಹೆಸರಿಲೆ ಬರ್ತಾರ್ರಿ. ಅದಕ್ಕ ಹಂಗ ಬರದಾರ” ಎಂದಳು ಋತುಜಾ.

ಯಶೋಧರಾ ಬಹಳ ಹೊತ್ತು ಆ ಸಾಲುಗಳನ್ನೇ ನೋಡಿದಳು. ಮನೆಗೆ ಬಂದವಳೇ ಹೆನ್ರಿಗೆ ಫೋನ್ ಮಾಡಿದಳು. ನನಗೆ ಕೇಳಿಸಿದ್ದು ಅವಳ ಮಾತಷ್ಟೆ: “ಆಟದ ಕಂಪನಿಗೂ ಬರದೀಯೇನಪ್ಪಾ?... ಯಾವತ್ತು?... ಎಷ್ಟು ದಿನಾ ಅಂದ್ರು?” ಫೋನಿಟ್ಟು ಗೋಡೆಯ ಕ್ಯಾಲೆಂಡರಿನ ಎದುರು ನಿಂತಳು. “ಭಾಗ್ಯಾ, ರವಿವಾರ ಮಧ್ಯಾಹ್ನ ಎಲ್ಲಾರನೂ ಚಾಕ್ಕ ಕರೀ. ಸಲ್ಮಾನನ್ನೂ.” ಅವಳ ದನಿಯಲ್ಲಿ ಗೆದ್ದ ಸಂತೋಷವಿರಲಿಲ್ಲ.

ರವಿವಾರ ಮೊದಲು ಬಂದವನು ಹೆನ್ರಿ. ಅವನು ಚಿಗರಿ ಬಸ್ಸಿನ ಡ್ರೈವರ್. ಪಾಳಿ ಮುಗಿಸಿ ಸಮವಸ್ತ್ರದಲ್ಲೇ ಬಂದಿದ್ದ. ಆಮೇಲೆ ಋತುಜಾಳ ಕೈ ಹಿಡಿದು ರಾಹೇಲ ಟೀಚರು ಬಂದರು. ಕೊನೆಗೆ ಸಲ್ಮಾನ. ಉಗುರಿನ ಸಂದಿಯಲ್ಲಿ ಎಣ್ಣೆಯ ಕಪ್ಪಿದ್ದ, ಇಪ್ಪತ್ತೈದರ ತೆಳ್ಳನೆಯ ಹುಡುಗ. ಬಾಗಿಲಲ್ಲಿ ಯಾರದೋ ಮಗುಚಿ ಬಿದ್ದ ಚಪ್ಪಲಿಯನ್ನು ನೆಟ್ಟಗೆ ಜೋಡಿಸಿಟ್ಟು ಒಳಗೆ ಬಂದ. ಅದು ಟೀಚರದಾಗಿತ್ತು.

“ಇವನ ಮುಂದ ನಾ ಕೂಡೂದಿಲ್ಲ” ಎಂದು ಟೀಚರು ಏಳಹೋದರು.

“ಹತ್ತು ನಿಮಿಷ ಕೂಡ್ರಿ. ಆಮ್ಯಾಲೆ ನಿಮ್ಮ ಇಷ್ಟ” ಎಂದು ಯಶೋಧರಾ ಆರಂಭಿಸಿದಳು.

“ಪಿಲ್ಲಿಯ ಹೆಸರಿಲೆ ಕಳವು ಮಾಡಬೇಕಂದ್ರ ಆಕಿ ಗುಪ್ತಪದ ಗೊತ್ತಿರಬೇಕು. ಎರಡು ತಿಂಗಳು ಹಿತ್ತಲ ಹಸರಾಗಿತ್ತು, ನೀರು ಹಾಕೂದು ಮಾಲಕರಿಗಷ್ಟ ಸಾಧ್ಯ. ಅಂದ್ರ ಗುಪ್ತಪದ ಇದ್ದಾವರು ದಿನಾ ಬಂದು ಗಿಡಾ ಕಾಯತಿದ್ರು. ಗಿಡಾ ಕಾಯಾವರು ಆಕಿ ಹೆಸರು ಕೆಡಸ್ತಾರೇನು? ಇದು ಒಂದು.

“ಎರಡು, ಕಳ್ಳಗ ಬೇಕಾದದ್ದು ಮಾಲಲ್ಲ, ಶಿಕ್ಷಾ. ಬೆಳ್ಳಿ ಕತ್ತಿ ಬಿಟ್ಟು ಲಾಳ ಮುಟ್ಟಿದ. ಒಮ್ಮೆಲೇ ಮೂರು ಎತ್ತಿದ್ರ ಒಂದ ಅಪರಾಧ, ಹೆಸರು ಹಳದಿ ಆಗತಿತ್ತು. ಒಂದೊಂದ ಎತ್ತಿದ್ದಕ್ಕ ಮೂರಾದುವು, ಜೈಲಾತು. ಓಡಿಹೋಗ್ಲಿಲ್ಲ, ಯಾಕಂದ್ರ ಸಿಕ್ಕಿಬೀಳಬೇಕಾಗಿತ್ತು.

“ಮೂರು, ಪಿಲ್ಲಿ ನಡದ್ರ ಸಲ್ಮಾನ ಕಂಬ. ಸಲ್ಮಾನ ನಡದ್ರ ಪಿಲ್ಲಿ ಕಂಬ. ಎರಡು ಫೋನು, ಒಬ್ಬನ ಮನಶ್ಯಾ. ಕದ್ದಾತನೂ ಫಿರ್ಯಾದಿ ಕೊಟ್ಟಾತನೂ ಒಬ್ಬನ. ತಾರಿಹಾಳದ ವರ್ಕ್‌ಶಾಪಿನ್ಯಾಗ ಒಂದಕ್ಕ ಊಟದ ಬಿಡುವು. ಹೌದಲ್ಲೋ, ಸಲ್ಮಾನ?”

ಸಲ್ಮಾನ ಹೌದೆಂದು ತಲೆಯಾಡಿಸಿದ. ಮುಖ ಎತ್ತಲಿಲ್ಲ.

“ಯಾಕ?” ಟೀಚರು ಅವನ ಕಡೆ ತಿರುಗಿದರು. “ನಿನಗೇನು ಮಾಡಿದ್ಳೋ ಆಕಿ?”

“ಅದನ್ನ ಹೆನ್ರಿ ಹೇಳಬೇಕು” ಎಂದಳು ಯಶೋಧರಾ.

ಹೆನ್ರಿ ಗಾಬರಿಯಾದ. “ಮೌಶಿ, ನಾ ಎಲ್ಲಾ ಕಡೆ ಬರದಂಗ ಆ ಕಂಪನಿಗೂ ಬರದೆ. ಮರಣಪತ್ರ ಕಳಿಸಿದೆ. ತೀರಿಕೊಂಡವರ ಖಾತಿ ಮೂವತ್ತು ದಿನಕ್ಕ ಅಳಸ್ತೀವಿ ಅಂತ ಉತ್ತರ ಬಂತು. ಒಂದು ಕೆಲಸ ಮುಗೀತು ಅನ್ಕೊಂಡೆ. ನಿಮಗ ಹೇಳಿ ಯಾಕ ನೋಯಿಸೂದಂತ ಸುಮ್ಮನಾದೆ. ನೀವು ವಾರಾ ವಾರಾ ಆ ಮನಿ ನೋಡಾಕ ಹೋಗ್ತೀರಿ ಅಂತ ನನಗ ಯಾರೂ ಹೇಳಿಲ್ಲ.”

“ಆ ವಾರದ ಶುಕ್ರವಾರಕ್ಕ ಮೂವತ್ತು ದಿನ ತುಂಬತಿತ್ತು. ಕಳವಾದದ್ದು ಅದಕ್ಕ ಎರಡು ದಿನ ಮೊದಲ, ಬುಧವಾರ” ಎಂದಳು ಯಶೋಧರಾ. “ಶಿಕ್ಷಾ ಬಾಕಿ ಇದ್ದವರ ಕಡತ ನಾವು ಎಂದೂ ಸುಡತಿದ್ದಿಲ್ಲ. ಆ ಆಟದಾಗೂ ಹಂಗ, ಶಿಕ್ಷಾ ಮುಗಿಯೂತನಕ ಖಾತಿ ಅಳಸಂಗಿಲ್ಲ. ನೂರು ತಾಸು ಖುದ್ದ ಕೂತಷ್ಟ ಮುಗಿಯೋ ಶಿಕ್ಷಾ, ಕೂಡಾಕ ಆಕೀನ ಇಲ್ಲ. ಆ ನಿಯಮ ಯಾರಿಗೆ ನೆನಪಿರತೈತಿ? ಜೈಲಿನ ಒಳಗ ಇದ್ದು ಬಂದಾವಗ.”

ಆಗ ಸಲ್ಮಾನ ಮಾತಾಡಿದ. “ಆಕಿ ಹಿತ್ತಲದ ಆಡು ಮೂರು ಸಲ ಕದ್ದಿದ್ದೆ ಟೀಚರ್, ಮಜಾಕ್ಕ. ಜೈಲಿಗೆ ಹಾಕಿಸಿದ್ಳು. ಹಾಕಿಸಿ, ನೂರು ತಾಸೂ ಬಾಗಲಾಗ ಕೂತು ಹರಟಿ ಹೊಡದ್ಳು. ‘ನಾನೂ ಎಲ್ಲೂ ಹೋಗಂಗಿಲ್ಲ, ನೀನೂ ಎಲ್ಲೂ ಹೋಗಂಗಿಲ್ಲ’ ಅಂತ ನಗತಿದ್ಳು. ದವಾಖಾನಿಗೆ ಹೋಗೂಮುಂದ ಗಿಡಕ್ಕ ನೀರು ಹಾಕು ಅಂತ ಗುಪ್ತಪದ ಕೊಟ್ಳು. ಖಾತಿ ಅಳಸ್ತೀವಿ ಅಂತ ಕಂಪನಿ ಬರದ ಪತ್ರ ಆಟದಾಗಿನ ಆಕಿ ಟಪಾಲ ಡಬ್ಬಿಯೊಳಗ ಕಂಡು ಎದಿ ಒಡೀತ್ರಿ. ಬ್ಯಾರೆ ಹಾದಿ ತಿಳೀಲಿಲ್ಲ.” ಫೋನನ್ನು ಮುಂದೆ ಹಿಡಿದ. “ನೀವು ಹೂಂ ಅಂದ್ರ ಕ್ಷಮಾ ಒತ್ತತೀನಿ. ಹೆಸರು ಬೆಳ್ಳಗಾಗತೈತಿ. ಆದ್ರ ಬಿಡುಗಡಿ ಆದ ಒಂದು ತಾಸಿಗೆ ಖಾತಿ ಅಳೀತೈತಿ. ಮನಿ, ಹಿತ್ತಲ, ಆಕಿ, ಏನೂ ಇರೂದಿಲ್ಲ.”

“ಬ್ಯಾಡ ಮೌಶಿ” ಎಂದ ಹೆನ್ರಿ. ಅವನ ಕಣ್ಣು ತುಂಬಿತ್ತು. “ಕಳ್ಳಿ ಅಂದ್ರ ಅನ್ಲಿ. ಇರ್ಲಿ ಆಕಿ.”

“ಎಲ್ಲಿದ್ದಾಳ, ತೋರಸು” ಎಂದರು ಟೀಚರು.

ಸಲ್ಮಾನ ತೋರಿಸಿದ. ನಾಲ್ಕು ಕಲ್ಲಿನ ಗೋಡೆ. ನಡುವೆ, ನೀಲಿ ಲಂಗದ ಒಂದು ಪುಟ್ಟ ಆಕೃತಿ ಮೊಣಕಾಲು ಮಡಚಿ ಕುಳಿತಿತ್ತು.

“ಕಿಟಕಿ ಇಲ್ಲೇನು?”

“ಇಲ್ರಿ. ದಿನಾ ಊಟದ ಹೊತ್ತಿನ್ಯಾಗ ನಾ ಹೋಗಿ ಬಾಗಲಾಗ ಕೂಡತೀನ್ರಿ.”

ಟೀಚರು ಪರದೆಯ ಹತ್ತಿರ ಬಗ್ಗಿ ಆ ಆಕೃತಿಯನ್ನೇ ನೋಡುತ್ತ ಕುಳಿತರು. ನಾನು ಚಹಾ ಬಿಸಿ ಮಾಡುವ ನೆಪದಲ್ಲಿ ಎದ್ದೆ, ಹೋಗಲಾರದೆ ಅಲ್ಲೇ ನಿಂತೆ. ಕೊನೆಗೆ ಟೀಚರು ಸಲ್ಮಾನನ ಎಣ್ಣೆಗಪ್ಪಿನ ಕೈಯನ್ನು ತಮ್ಮೆರಡೂ ಕೈಯಲ್ಲಿ ಹಿಡಿದುಕೊಂಡರು.

“ನಿನಗ ಏನೇನೋ ಅಂದ್ನೆಪ್ಪಾ. ಆಕಿ ಎರಡು ವರ್ಷ ಒಂದ ಖೋಲಿ ನೋಡಿ ಹೋದಾಕಿ. ಈ ಆಟಕ್ಕ ಬಂದದ್ದ ಅಡ್ಡಾಡಾಕ. ನನ್ನ ಸಲವಾಗಿ ಆಕಿನ್ನ ಮತ್ತೊಂದು ಖೋಲ್ಯಾಗ ಕೂಡಸಲೇನು? ಬಿಟ್ಟುಬಿಡು.”

ಸಲ್ಮಾನನ ಬೆರಳು ಒತ್ತಿತು. ಕೆಂಪು ಹೆಸರು ಬಿಳಿಯಾಯಿತು. ಜೈಲಿನ ಬಾಗಿಲು ತೆರೆಯಿತು.

“ನಡಸೂದು ಹ್ಯಾಂಗ? ನನಗ ಕಲಸು” ಎಂದರು ಟೀಚರು.

ಅವನು ಪಿಲ್ಲಿಯ ಖಾತೆ ತೆರೆದಿದ್ದ ತನ್ನ ಎರಡನೇ ಫೋನನ್ನು ಅವರ ಕೈಗಿಟ್ಟು, ಹೆಬ್ಬೆರಳನ್ನು ಎಲ್ಲಿಡಬೇಕೆಂದು ತೋರಿಸಿದ. ಪಿಲ್ಲಿ ಎದ್ದವಳೇ ಗೋಡೆಗೆ ಹಾಯ್ದಳು. ಮತ್ತೆ ಹಾಯ್ದಳು. “ಈ ಕಡೆ, ಟೀಚರ್, ಈ ಕಡೆ!” ಎಂದು ಋತುಜಾ ಅಳುತ್ತಲೇ ನಕ್ಕಳು. ಆಮೇಲೆ ಬಾಗಿಲು ಸಿಕ್ಕಿತು, ಓಣಿ ಸಿಕ್ಕಿತು. ಪೇಟೆ ದಾಟಿ, ಸೇತುವೆ ದಾಟಿ, ಪಿಲ್ಲಿ ಊರಾಚೆಯ ಹುಲ್ಲುಗಾವಲಿಗೆ ಬಂದಳು. ಅಲ್ಲಿ ಅಡ್ಡಗೋಡೆಗಳಿರಲಿಲ್ಲ. ಟೀಚರು ಅವಳನ್ನು ಓಡಿಸತೊಡಗಿದರು. ಯಾರೂ ಗಡಿಯಾರ ನೋಡಲಿಲ್ಲ.

ಮೊದಲು ತಲೆಯ ಮೇಲಿನ ಹೆಸರು ಹೋಯಿತು. ಆಮೇಲೆ ನೀಲಿ ಲಂಗ. ಪರದೆಯ ಮೇಲೆ ಹುಲ್ಲಷ್ಟೇ ಗಾಳಿಗೆ ಆಡುತ್ತಿತ್ತು. ರಾಹೇಲ ಟೀಚರು ಹೆಬ್ಬೆರಳನ್ನು ತೆಗೆಯಲಿಲ್ಲ.