ಕರೆಂಟಿನ ಸಂಬಂಧ

ತಪ್ಪು ನನ್ನದಲ್ಲ, ಫೋನ್ ಲೈನಿನದ್ದು. "ಕರೆಂಟಿನ ಸಂಬಂಧ ಮಾತಾಡ್ಲಿಕ್ಕೆ ಶುಕ್ರವಾರ ಬರ್ತೇನೆ" ಎಂದಿದ್ದನಂತೆ ಇಹ್ಸಾನ್. ಫೋನ್ ಎತ್ತಿದ ಉಮ್ಮನ, ಅಂದರೆ ನನ್ನ ತಾಯಿಯ, ಕಿವಿಗೆ ಬಿದ್ದದ್ದು 'ಸಂಬಂಧ' ಮಾತ್ರ.

ಅದು ಎರಡು ಸಾವಿರದ ಎಂಟು. ನನ್ನನ್ನು ನೋಡಲು ಬಂದವರೆಲ್ಲ ಸೌದಿಯ ದಮಾಮಿಗೆ ಕರೆದೊಯ್ಯುವ ಮಾತನ್ನೇ ಆಡುತ್ತಿದ್ದರು. ಮಾಣಿ ಊರಿನಲ್ಲಿ ನಮ್ಮ ಪ್ಲೈವುಡ್ ಫ್ಯಾಕ್ಟರಿಯನ್ನು ತಂದೆಯ, ನಮ್ಮ ಉಪ್ಪನ, ಜೊತೆ ನಡೆಸುತ್ತಿದ್ದವಳು ನಾನು. ಅದನ್ನು ಬಿಟ್ಟು ಹೋಗಲು ಮನಸ್ಸಿದೆಯೇ ಎಂದು ಒಬ್ಬರೂ ಕೇಳಿರಲಿಲ್ಲ.

ಹುಡುಗ ಒಬ್ಬನೇ ಬಂದ. "ಈಗಿನವರು ಹಾಗೆಯೇ" ಎಂದು ಉಮ್ಮ ನನ್ನ ಕೈಗೆ ಶರಬತ್ತಿನ ತಟ್ಟೆ ಕೊಟ್ಟರು. ಸಿಟ್ಟಿನಲ್ಲೇ ಹೊರಗೆ ಬಂದೆ.

ಇಹ್ಸಾನ್ ಎದ್ದು ನಿಂತ. ನನ್ನನ್ನು ನೋಡಿದ, ಕಣ್ಣು ತಗ್ಗಿಸಿದ, ತಡೆಯಲಾರದೆ ಮತ್ತೊಮ್ಮೆ ನೋಡಿದ. ನನ್ನ ಹಾಳು ಸಿಟ್ಟು ಅರ್ಧ ಅಲ್ಲಿಯೇ ಇಳಿಯಿತು.

"ಇಷ್ಟು ವರ್ಷ ನಿಮಗೆ ಬೇರೆ ದಾರಿ ಇರ್ಲಿಲ್ಲ," ಎಂದ ಮೆಲ್ಲಗೆ. "ಒಬ್ಬರು ಕೊಟ್ಟದ್ದನ್ನೇ ತಗೊಳ್ಬೇಕಿತ್ತು. ಈಗ ಕಾನೂನು ಬದಲಾಗಿದೆ. ಬೇಕಾದವರನ್ನು ನೀವೇ ಆರಿಸ್ಬಹುದು."

ಯಾವ ವರನೂ ಇಂಥ ಮಾತು ಆಡಿದ್ದಿಲ್ಲ.

"ಬೇಡ ಅಂತ ಹೇಳ್ಲಿಕ್ಕೆ ಉಂಟಾ?"

"ಧಾರಾಳ."

"ಮದುವೆ ಆದ ಮೇಲೆ ಫ್ಯಾಕ್ಟರಿಗೆ ಹೋಗ್ಬಹುದಾ?"

ಗ್ಲಾಸು ಅವನ ತುಟಿಯ ಹತ್ತಿರವೇ ನಿಂತಿತು. "ಯಾರ ಮದುವೆ? ನಾನು ಕರೆಂಟ್ ಮಾರುವ ಕಂಪನಿಯವ. ಬೆಳ್ತಂಗಡಿಯ ಹೊಳೆಯಲ್ಲಿ ನಮ್ಮ ವಿದ್ಯುತ್ ಘಟಕ ಉಂಟು. ಫ್ಯಾಕ್ಟರಿಯವರು ಈಗ ಸರ್ಕಾರದ ಕರೆಂಟು ಬಿಟ್ಟು ನಮ್ಮದನ್ನೂ ತಗೊಳ್ಬಹುದು."

ಉಮ್ಮ ಪರದೆಯ ಹಿಂದೆ ಮಾಯವಾದರು. ಉಪ್ಪ ನಕ್ಕು ನಕ್ಕು ಕೆಮ್ಮಿದರು. ನನಗೆ ನೆಲ ಬಿರಿದರೆ ಸಾಕೆನಿಸಿತು. ಆದರೂ ಫ್ಯಾಕ್ಟರಿ ನನ್ನದಲ್ಲವೇ? ಕುರ್ಚಿ ಎಳೆದು ಕೂತೆ.

"ಮಾರ್ಕೆಟ್ ರೇಟು ದಿನಕ್ಕೊಂದು ಥರ ಆದ್ರೆ? ಬೇಸಗೆಯಲ್ಲಿ ಹೊಳೆ ಬತ್ತಿದ್ರೆ?"

ಉತ್ತರ ಕೊಡಲು ಅವನು ಮತ್ತೆ ಬಂದ, ಮತ್ತೂ ಬಂದ. ಫೋನಿನಲ್ಲಿ ಮುಗಿಯುವ ಮಾತಿಗೂ ಬೆಳ್ತಂಗಡಿಯಿಂದ ಬೈಕಿನಲ್ಲಿ ಬರುತ್ತಿದ್ದ. ಬರದ ವಾರ ನನಗೆ ಕೆಲಸ ಓಡುತ್ತಿರಲಿಲ್ಲ.

ಕರೆಂಟಿನ ಒಪ್ಪಂದಕ್ಕೆ ಸಹಿ ಬಿತ್ತು. ಇನ್ನು ಅವನಿಗೆ ಬರಲು ನೆಪವಿಲ್ಲ ಎಂದು ನಾನು ಮುಖ ಸಪ್ಪೆ ಮಾಡಿಕೊಂಡಿದ್ದಾಗ ಫೋನ್ ಬಂತು. ಉಮ್ಮ ಎತ್ತಿದರು; ಪಕ್ಕದಲ್ಲಿದ್ದ ನನಗೂ ಇಹ್ಸಾನನ ದನಿ ಕೇಳಿಸಿತು.

"ಸಂಬಂಧ ಮಾತಾಡ್ಲಿಕ್ಕೆ ಬರ್ಬಹುದಾ?"

"ಕರೆಂಟಿನದ್ದಾ?" ಈ ಸಲ ಉಮ್ಮ ಹುಷಾರು.

"ಅಲ್ಲ. ನಿಮ್ಮ ಮಗಳು ಫಾಹಿಮಾಳ ಹತ್ರ ಮೊದಲು ಕೇಳಿ."

ನಾನೇ ಫೋನ್ ಕಸಿದುಕೊಂಡೆ. "ಫ್ಯಾಕ್ಟರಿಗೆ ಹೋಗ್ಬಹುದಾ?"

"ನೀವು ಹೋಗದಿದ್ರೆ ನನ್ನ ಕರೆಂಟ್ ಯಾರು ತಗೊಳ್ಳುವುದು?"

ಉಮ್ಮ ಎದುರಿಗೇ ನಿಂತಿದ್ದರು. ನಾಚಿಕೆ ಬಿಟ್ಟು ಹೇಳಿಯೇ ಬಿಟ್ಟೆ:

"ಬನ್ನಿ. ನಾನು ಆರಿಸಿ ಆಯ್ತು."