ಮೂವತ್ತೊಂದನೇ ಪುಟ

ಎರಡನೇ ಮಹಡಿಗೂ ಮೂರನೇ ಮಹಡಿಗೂ ನಡುವೆ ನಾನು ಕೆಲಸ ಮಾಡುವ ಲೈಬ್ರರಿಯ ಲಿಫ್ಟು ನಿಂತುಬಿಟ್ಟಾಗ ಒಳಗಿದ್ದದ್ದು ನಾನು ಮತ್ತು ಒಂದು ಪುಸ್ತಕದ ತಳ್ಳುಗಾಡಿ. ಗಾಡಿಯಲ್ಲಿ ಐದು ಪುಸ್ತಕ. ಐದೂ ಕ್ವಾಂಟಮ್ ಸಿದ್ಧಾಂತವನ್ನು ಮೊದಲಿನಿಂದ ಕಲಿಯುವವರಿಗಾಗಿ ಬರೆದವು. ಯಾರೋ ನಿವೃತ್ತ ಪ್ರೊಫೆಸರು ಮನೆ ಬದಲಾಯಿಸುವಾಗ ದಾನ ಕೊಟ್ಟಿದ್ದರು. ಅವರು ಒಂದನ್ನೂ ತೆರೆದ ಹಾಗೆ ಕಾಣಲಿಲ್ಲ.

ಜಾಲರಿ ಬಾಗಿಲಿನ ಹಳೇ ಲಿಫ್ಟು ಅದು. ಸ್ವಲ್ಪ ಹೊತ್ತಿನ ಮೇಲೆ ಮೇಲಿನ ಸಂದಿಯಲ್ಲಿ ಒಂದು ಮುಖ ಅಡ್ಡಡ್ಡವಾಗಿ ಕಾಣಿಸಿತು. ಕಿವಿಯ ಹಿಂದೆ ಪೆನ್ಸಿಲ್ ಇತ್ತು. ಕಟ್ಟಡದ ಲಿಫ್ಟ್ ಮೆಕ್ಯಾನಿಕ್. ಇಪ್ಪತ್ತು ನಿಮಿಷ ಹಿಡಿಯುತ್ತದೆ ಎಂದ.

"ಏನಾದ್ರೂ ಮಾತಾಡ್ತಾ ಇರಿ ಮೇಡಂ. ಬದುಕಿದೀರಾ ಅಂತ ಗೊತ್ತಾಗ್ತಾ ಇರ್ಲಿ."

ನನಗೆ ಅಳು ಬಂದುಬಿಟ್ಟಿತ್ತು. ಮಾತಾಡಲು ಏನೂ ತೋಚದೆ ಕೈಗೆ ಸಿಕ್ಕ ಪುಸ್ತಕದ ಮುನ್ನುಡಿಯನ್ನೇ ಜೋರಾಗಿ ಓದತೊಡಗಿದೆ. ಹೈಸ್ಕೂಲಿನ ಗಣಿತ ಬಂದರೆ ಸಾಕು, ಭಯ ಬೇಡ ಎಂದಿತ್ತು. ಅದು ಮುಗಿದ ಮೇಲೆ ಎರಡನೆಯದು. ಅದರಲ್ಲೂ ಭಯ ಬೇಡ ಎಂದೇ ಇತ್ತು. ಐದು ಮುನ್ನುಡಿ ಮುಗಿಯುವುದಕ್ಕೂ ಲಿಫ್ಟು ಮೇಲೆ ಬರುವುದಕ್ಕೂ ಸರಿಹೋಯಿತು.

ಬಾಗಿಲು ಎಳೆದವನು ನನ್ನ ಕೆಂಪಾದ ಕಣ್ಣು ನೋಡಿ, ನೋಡದವನ ಹಾಗೆ ಪುಸ್ತಕದ ಕಡೆ ತಿರುಗಿ, ಇದೆಲ್ಲ ನಿಮಗೆ ಅರ್ಥವಾಗುತ್ತದೆಯೇ ಎಂದು ಕೇಳಿದ. ಅತ್ತವಳು ಎಂದು ತಿಳಿದುಕೊಳ್ಳುವುದಕ್ಕಿಂತ ಓದಿದವಳು ಎಂದು ತಿಳಿದುಕೊಳ್ಳಲಿ ಅನ್ನಿಸಿತು.

"ಐದೂ ಓದಿದೀನಿ," ಎಂದೆ.

ಮಾರನೇ ದಿನವೇ ಅವನು ತಾತ್ಕಾಲಿಕ ಕಾರ್ಡ್ ಮಾಡಿಸಿಕೊಂಡು ಬಂದ. ಕಟ್ಟಡದಲ್ಲಿ ಕೆಲಸ ಮಾಡುವವರಿಗೆ, ಕೆಲಸ ಇರುವಷ್ಟು ದಿನ, ಆ ಕಾರ್ಡು ಕೊಡುತ್ತೇವೆ. ಯಾವುದರಿಂದ ಶುರು ಮಾಡಲಿ ಎಂದು ಕೇಳಿದ. ಎಲ್ಲಕ್ಕಿಂತ ತೆಳ್ಳಗಿದ್ದುದನ್ನು ಕೊಟ್ಟು, ಇದೇ ಒಳ್ಳೆಯದು ಎಂದು ಗಂಭೀರವಾಗಿ ಹೇಳಿದೆ.

ನಮ್ಮ ಕೆಲಸದಲ್ಲಿ ಒಂದು ವಿದ್ಯೆ ತಾನಾಗಿ ಬರುತ್ತದೆ. ಪುಸ್ತಕವನ್ನು ಮುಚ್ಚಿ, ಬೆನ್ನಿನ ಎದುರು ಭಾಗದ ಅಂಚನ್ನು ನೋಡಿದರೆ ಸಾಕು. ಓದಿದ ಪುಟಗಳಷ್ಟು ಅಂಚು ಮಾಸಿರುತ್ತದೆ, ಓದದ್ದು ಬೆಳ್ಳಗಿರುತ್ತದೆ. ಜನ ಏನು ಹೇಳಿದರೂ ಅಂಚು ಸುಳ್ಳು ಹೇಳುವುದಿಲ್ಲ. ಇವನ ವಿಷಯದಲ್ಲಂತೂ ಕಣ್ಣು ಕಿರಿದು ಮಾಡುವ ಅಗತ್ಯವೂ ಇರಲಿಲ್ಲ. ಕೈತುಂಬ ಲಿಫ್ಟಿನ ಗ್ರೀಸು. ಹದಿನೈದು ದಿನ ಬಿಟ್ಟು ತಂದುಕೊಟ್ಟಾಗ ಹೆಬ್ಬೆರಳಿನ ಕೊನೆಯ ಗುರುತು ಮೂವತ್ತೊಂದನೇ ಪುಟದಲ್ಲಿತ್ತು. ಅಲ್ಲಿ ಮೊದಲ ದೊಡ್ಡ ಸಮೀಕರಣ ಬರುತ್ತದೆ.

"ಮುಗಿಸಿದೆ ಮೇಡಂ," ಎಂದ. ಕಣ್ಣಿನ ರೆಪ್ಪೆ ಕೂಡ ಅಲುಗಲಿಲ್ಲ.

ಅವನ ಸುಳ್ಳು ಹೊರಗೆಳೆದರೆ ನನ್ನದೂ ಜೊತೆಗೇ ಬರುತ್ತಿತ್ತು. ಎರಡನೆಯದು ಕೊಟ್ಟೆ. ಅದು ಇಪ್ಪತ್ತೆಂಟನೇ ಪುಟಕ್ಕೆ ನಿಂತಿತು. ಮೂರನೆಯದು ಮೂವತ್ತನಾಲ್ಕಕ್ಕೆ ಹೋಗಿ ನನಗೆ ಆಶ್ಚರ್ಯ ಹುಟ್ಟಿಸಿತು. ಆಮೇಲೆ ನೋಡಿದರೆ ನಡುವೆ ಆರು ಪುಟ ಬರೀ ಚಿತ್ರ.

ನಡುನಡುವೆ ಅವನು ಸಂಶಯ ಕೇಳಲು ಬರುತ್ತಿದ್ದ. ಮೂರು ಮಹಡಿ ಮೆಟ್ಟಿಲು ಹತ್ತಿಯೇ ಬರುತ್ತಿದ್ದ. ತಾನು ರಿಪೇರಿ ಮಾಡಿದ ಲಿಫ್ಟಿನ ಮೇಲೆ ಅವನಿಗೆ ನಂಬಿಕೆ ಇರಲಿಲ್ಲ. ಬಂದವನು ಏದುಸಿರು ಇಳಿಯುವವರೆಗೆ ಕೌಂಟರಿಗೆ ಒರಗಿ ಕೆಲಸವಿಲ್ಲದವನ ಹಾಗೆ ಕ್ಯಾಲೆಂಡರನ್ನು ಓದುತ್ತಿದ್ದ. ಓದುತ್ತ ಕಣ್ಣಂಚಿನಲ್ಲಿ ನನ್ನನ್ನು ನೋಡುತ್ತಿದ್ದ. ನಾನೂ ರಿಜಿಸ್ಟರಿನಲ್ಲಿ ಬರೆದದ್ದನ್ನೇ ಮತ್ತೆ ತಿದ್ದುತ್ತ ಅವನನ್ನು ನೋಡುತ್ತಿದ್ದೆ. ಇಬ್ಬರ ಕಣ್ಣೂ ಒಮ್ಮೆ ಸೇರಿದಾಗ ಅವನು ಕ್ಯಾಲೆಂಡರಿನ ಹಾಳೆ ತಿರುವಿ ಮುಂದಿನ ತಿಂಗಳಿಗೆ ಹೋಗಿಬಿಟ್ಟ.

ಒಂದು ದಿನ ಬೆಕ್ಕಿನ ವಿಷಯ ತೆಗೆದ. ಎಲ್ಲ ಪುಸ್ತಕಗಳಲ್ಲೂ ಅದೇ ಬೆಕ್ಕು ಇತ್ತು.

"ಪೆಟ್ಟಿಗೆ ತೆಗೆಯೋ ತನಕ ಒಳಗಿರೋ ಬೆಕ್ಕು ಬದುಕಿದೆಯೋ ಸತ್ತಿದೆಯೋ ಹೇಳೋಕಾಗಲ್ಲ ಅಂತಾರಲ್ಲ ಮೇಡಂ, ಲಿಫ್ಟಲ್ಲಿ ಹಾಗಾಗಲ್ಲ. ಒಳಗಿರೋರು ಕೂಗ್ತಾರೆ. ಬೆಕ್ಕು ಯಾಕೆ ಕೂಗಲ್ಲ?"

"ಅದು ಮುಂದಿನ ಅಧ್ಯಾಯದಲ್ಲಿ ಬರುತ್ತೆ," ಎಂದೆ. ಅವನು ಮುಂದಿನ ಅಧ್ಯಾಯಕ್ಕೆ ಹೋಗುವವನಲ್ಲ ಎಂಬ ಧೈರ್ಯ ನನಗಿತ್ತು.

ನಮ್ಮ ಮೇಲಧಿಕಾರಿ ಶ್ ಸಾರ್ ಅಷ್ಟಕ್ಕೇ ತಲೆಯೆತ್ತಿ "ಶ್" ಎಂದರು. ಇಪ್ಪತ್ತಾರು ವರ್ಷದ ಸೇವೆಯಲ್ಲಿ ಅವರು ಅದಕ್ಕಿಂತ ಉದ್ದದ ಮಾತನ್ನು ಜೋರಾಗಿ ಆಡಿದ್ದನ್ನು ಯಾರೂ ಕೇಳಿರಲಿಲ್ಲ. ಉಳಿದದ್ದನ್ನೆಲ್ಲ ಚೀಟಿಯಲ್ಲಿ ಬರೆದುಕೊಡುತ್ತಿದ್ದರು.

ನಾಲ್ಕನೇ ಪುಸ್ತಕ ವಾಪಸು ಬಂದ ವಾರ ಅಂಥದ್ದೊಂದು ಚೀಟಿ ನನ್ನ ಮೇಜಿಗೆ ಬಂತು. ಹಳೇ ಲಿಫ್ಟು ತೆಗೆದು ಹೊಸದು ಹಾಕಿಸುತ್ತಾರೆ, ಹೊಸ ಕಂಪನಿಗೆ ಅದರದೇ ಜನ ಇದ್ದಾರೆ, ಮೆಕ್ಯಾನಿಕ್‌ನ ಕಾರ್ಡು ತಿಂಗಳ ಕೊನೆಗೆ ರದ್ದು. ಉಳಿದದ್ದು ಒಂದು ಪುಸ್ತಕ, ಹದಿನೈದು ದಿನ. ಅದಾದ ಮೇಲೆ ಅವನಿಗೆ ಮೂರು ಮಹಡಿ ಹತ್ತಲು ಕಾರಣವೇ ಇರಲಿಲ್ಲ. ಅವನ ಮನೆ ಎಲ್ಲಿ ಎಂದೂ ನನಗೆ ಗೊತ್ತಿರಲಿಲ್ಲ. ಕಾರ್ಡಿನಲ್ಲಿ ವಿಳಾಸದ ಜಾಗದಲ್ಲಿ "ಇದೇ ಕಟ್ಟಡ" ಎಂದು ಬರೆದಿದ್ದ.

ಮನೆಯಲ್ಲಿ ಅಕ್ಕನಿಗೆ ಹೇಳಿದೆ. ಅಕ್ಕ ಬಟ್ಟೆ ಮಡಿಸುವುದನ್ನು ನಿಲ್ಲಿಸಲಿಲ್ಲ.

"ಮೂವತ್ತೊಂದು ಪುಟ ಓದ್ತಾನಾ? ನಿನ್ನ ಭಾವ ತಮ್ಮ ಸ್ವಂತ ಮದುವೆ ಕಾಗದಾನೇ ಪೂರ್ತಿ ಓದಿರ್ಲಿಲ್ಲ. ಬೇರೆ ಹಾಲ್‌ಗೆ ಹೋಗಿ ಕೂತಿದ್ರು. ಹೋಗೆ, ಸುಮ್ನೆ ಬಾಯಿ ಬಿಟ್ಟು ಕೇಳು."

ಬಾಯಿ ಬಿಟ್ಟು ಕೇಳುವ ಜಾತಿ ನಾನಲ್ಲ. ಒಂದು ಹಳೇ ಕ್ಯಾಟಲಾಗ್ ಕಾರ್ಡಿನ ಮೇಲೆ "ಇನ್ನು ಮೇಲೆ ನೀವು ಎಲ್ಲಿ ಸಿಗ್ತೀರಿ?" ಎಂದು ಬರೆದು ಐದನೇ ಪುಸ್ತಕದ ಇನ್ನೂರ ಹನ್ನೆರಡನೇ ಪುಟದಲ್ಲಿ, ಕೊನೆಯ ಅಧ್ಯಾಯದ ನಡುವೆ ಇಟ್ಟೆ. ಹತ್ತನೇ ಪುಟದಲ್ಲಿ ಇಡಬಹುದಿತ್ತು. ಇಟ್ಟರೆ ಅವನು ಓದಿಬಿಡುತ್ತಿದ್ದ. ಕೇಳಿದ ಹಾಗೂ ಇರಬೇಕು, ಕೇಳದ ಹಾಗೂ ಇರಬೇಕು. ಇದಕ್ಕಿಂತ ಕ್ಷೇಮವಾದ ಜಾಗ ಇಡೀ ಲೈಬ್ರರಿಯಲ್ಲಿ ಇರಲಿಲ್ಲ.

ಪುಸ್ತಕ ಅವನ ಕೈಗೆ ಹೋದ ಮರುಕ್ಷಣದಿಂದ, ಹಾಳಾದವನು ಪೂರ್ತಿ ಓದಲಿ ಎಂದು ಕಾಯತೊಡಗಿದೆ.

ತಿಂಗಳ ಕೊನೆಯ ದಿನ ಸಂಜೆ ನಾಲ್ಕಕ್ಕೆ ಬಂದ. ಪುಸ್ತಕವನ್ನು ಕೌಂಟರಿನ ಮೇಲಿಟ್ಟು "ಮುಗಿಸಿದೆ" ಎಂದು ಕೈ ಹಿಂದೆ ಕಟ್ಟಿ ನಿಂತ. ನಾನು ಅಂಚು ನೋಡಿದೆ.

ಬೆಳ್ಳಗಿತ್ತು. ಮೂವತ್ತೊಂದೂ ಇಲ್ಲ, ಇಪ್ಪತ್ತೆಂಟೂ ಇಲ್ಲ. ಮೊದಲ ಪುಟದಿಂದ ಕೊನೆಯವರೆಗೆ ಒಂದು ಗುರುತೂ ಇರಲಿಲ್ಲ.

ಪುಸ್ತಕ ತಿರುಗಿಸಿ ಮತ್ತೊಮ್ಮೆ ನೋಡಿದೆ. ಆಮೇಲೆ ಸಿಟ್ಟು ಬಂತು.

"ಈ ಸಲ ತೆರೆದೇ ಇಲ್ಲ ಅಲ್ವಾ?"

"ಮುಗಿಸಿದೆ ಅಂದ್ನಲ್ಲ ಮೇಡಂ."

"ಅಂಚು ನೋಡಿದ್ರೆ ನಂಗೆ ಗೊತ್ತಾಗುತ್ತೆ. ಮೊದಲನೇದು ಮೂವತ್ತೊಂದು ಪುಟ, ಎರಡನೇದು ಇಪ್ಪತ್ತೆಂಟು. ಇದು ಸೊನ್ನೆ."

ಅವನು ಹಿಂದೆ ಕಟ್ಟಿದ್ದ ಕೈಗಳನ್ನು ಮುಂದೆ ತಂದು ಕೌಂಟರಿನ ಮೇಲೆ ಚಾಚಿದ. ಬಟ್ಟೆ ಸೋಪಿನಲ್ಲಿ ಉಜ್ಜಿ ಉಜ್ಜಿ ಅಂಗೈ ಕೆಂಪಾಗಿತ್ತು. ಉಗುರಿನ ಸಂದಿಯಲ್ಲಿ ಕೂಡ ಗ್ರೀಸು ಇರಲಿಲ್ಲ. ಎರಡು ಬೆರಳಿನ ಚರ್ಮ ಸುಲಿದಿತ್ತು.

"ಕೊನೇದನ್ನಾದ್ರೂ ಚೊಕ್ಕವಾಗಿ ಕೊಡೋಣ ಅಂತ ದಿನಾ ಕೈ ತೊಳ್ಕೊಂಡು ಓದಿದೆ. ನೀವು ಪ್ರತಿ ಸಲ ಅಂಚು ನೋಡೋದನ್ನ ನಾನೂ ನೋಡ್ತಿದ್ದೆ."

"ನಂಗೆ ಗೊತ್ತಿದೆ ಅಂತ ಗೊತ್ತಿದ್ದೂ ಮುಗಿಸಿದೆ ಅಂತಿದ್ರಾ?"

"ಮುಗಿಸಿಲ್ಲ ಅಂದಿದ್ರೆ ಇನ್ನೂ ಇಟ್ಕೊಳ್ಳಿ ಅಂತಿದ್ರಿ. ಆಮೇಲೆ ನಾನು ಯಾವ ಮುಖ ಹೊತ್ಕೊಂಡು ಬರ್ಲಿ?"

ಇನ್ನು ಮುಚ್ಚಿಡುವುದರಲ್ಲಿ ಅರ್ಥವಿರಲಿಲ್ಲ. ಐದರಲ್ಲಿ ಒಂದನ್ನೂ ನಾನು ಓದಿಲ್ಲ, ಅವತ್ತು ಓದಿದ್ದು ಬರೀ ಮುನ್ನುಡಿ ಎಂದು ಒಪ್ಪಿಕೊಂಡೆ. ಕಿವಿ ಬಿಸಿಯಾಯಿತು.

"ಗೊತ್ತು," ಎಂದ. "ಮೊದಲನೇದು ಮನೆಗೆ ತಗೊಂಡು ಹೋದಾಗಲೇ ಅಂಚು ಬೆಳ್ಳಗಿತ್ತು. ಆಗ ತಿಳೀಲಿಲ್ಲ. ನೀವು ನೋಡೋದನ್ನ ನೋಡಿ ಕಲಿತ ಮೇಲೆ ತಿಳೀತು."

ಶ್ ಸಾರ್ ತಲೆಯೆತ್ತಿದರು. ಅವರು ಬಾಯಿ ತೆರೆಯುವ ಮೊದಲೇ ಅವನು ದನಿ ತಗ್ಗಿಸಿದ. "ಇನ್ನೂರ ಹನ್ನೆರಡನೇ ಪುಟ ತೆಗೀರಿ."

ನನ್ನ ಕಾರ್ಡು ಅಲ್ಲೇ ಇತ್ತು. ಹಿಂಬದಿಯಲ್ಲಿ ದಪ್ಪ ಅಕ್ಷರ, ಲಿಫ್ಟಿಗೆ ತೂಗುಹಾಕುವ "ಕೆಟ್ಟಿದೆ" ಬೋರ್ಡಿನದೇ ಬರವಣಿಗೆ: "ಬೇರೆ ಕೆಲಸ ಸಿಗುವ ತನಕ, ಎದುರಿನ ಟೀ ಅಂಗಡಿಯಲ್ಲಿ, ದಿನಾ ಸಂಜೆ ಆರಕ್ಕೆ. ಸಿಕ್ಕಿದ ಮೇಲೂ ಅಲ್ಲೇ."

ನಾನು ಅದನ್ನು ಎರಡು ಸಲ ಓದಿದೆ. ನನ್ನ ಜೀವಮಾನದಲ್ಲಿ ಕ್ವಾಂಟಮ್ ಪುಸ್ತಕದ ಕೊನೆಯ ಅಧ್ಯಾಯದಲ್ಲಿ ನನಗೆ ಪೂರ್ತಿ ಅರ್ಥವಾದದ್ದು ಅಷ್ಟೇ.

ಅಷ್ಟರಲ್ಲಿ ಶ್ ಸಾರ್ ಚೀಟಿ ಕಳಿಸಿದರು. ಗ್ರೀಸಾದ ಪುಸ್ತಕಗಳಿಗೆಲ್ಲ ರಟ್ಟಿನ ಹೊದಿಕೆ ಹಾಕಿಸಬೇಕಂತೆ, ಕೆಳಗಿನ ಬೈಂಡಿಂಗ್ ಕೋಣೆಗೆ ಈಗಲೇ ಹೋಗಲಿ. ಚೊಕ್ಕವಾಗಿದ್ದದ್ದನ್ನೂ ಸೇರಿಸಿ ಐದನ್ನೂ ತಳ್ಳುಗಾಡಿಗೆ ಹಾಕಿದೆ. ಅವನು ಗಾಡಿ ಹಿಡಿದುಕೊಂಡು ಜೊತೆಗೆ ಬಂದ. ಲಿಫ್ಟಿನ ಮುಂದೆ ಒಂದು ಕ್ಷಣ ಅನುಮಾನಿಸಿ, ಕೊನೆಯ ದಿನ ಅಲ್ಲವೇ ಎಂದು ಒಳಗೆ ಬಂದ.

ಮೂರನೇ ಮಹಡಿಗೂ ಎರಡನೇ ಮಹಡಿಗೂ ನಡುವೆ ಲಿಫ್ಟು ನಿಂತಿತು.

"ಬೇಕಂತಲೇ ಮಾಡಿದ್ರಾ?"

"ಇಲ್ಲ," ಎಂದ. ಅವನ ಮುಖದಲ್ಲಿ ನಿಜವಾದ ಗಾಬರಿ ಇತ್ತು. "ಇದು ನಿಜವಾಗ್ಲೂ ಕೆಟ್ಟಿದೆ. ಟೂಲ್ಸೆಲ್ಲ ಬೆಳಿಗ್ಗೆನೇ ನಮ್ಮ ಕಂಪನಿಗೆ ಒಪ್ಪಿಸಿಬಿಟ್ಟೆ."

ಅವನಿಗೆ ಬೆವರು ಬರುತ್ತಿತ್ತು. ಇಷ್ಟು ವರ್ಷ ಹೊರಗಿನಿಂದಲೇ ಜನರಿಗೆ ಧೈರ್ಯ ಹೇಳಿದವನು ಒಳಗೆ ಸಿಕ್ಕಿಕೊಂಡದ್ದು ಇದೇ ಮೊದಲಂತೆ. ನಾನು ಮೊದಲನೇ ಪುಸ್ತಕ ತೆಗೆದು ನೆಲದ ಮೇಲೆ ಕೂತೆ. ಪಕ್ಕದಲ್ಲಿ ಕೂರಲು ಹೇಳಿದೆ. ಸುಲಿದ ಬೆರಳುಗಳ ಆ ಕೈ ನನ್ನ ಕೈಯಲ್ಲಿತ್ತು. ಸೋಪಿನ ವಾಸನೆ ಇನ್ನೂ ಹೋಗಿರಲಿಲ್ಲ.

"ಭಯ ಬೇಡ," ಎಂದೆ. "ಮೂವತ್ತೆರಡರಿಂದ ಓದ್ತೀನಿ."

ಹದಿನೈದು ನಿಮಿಷದಲ್ಲಿ ಎರಡು ಪುಟ ಆಯಿತು. ಸಮೀಕರಣ ನಮ್ಮಿಬ್ಬರ ತಲೆಗೂ ಹತ್ತಲಿಲ್ಲ. ಬೆಕ್ಕು ಯಾಕೆ ಕೂಗುವುದಿಲ್ಲ ಎಂಬುದು ಅಲ್ಲೂ ಬರಲಿಲ್ಲ.

ಆಗ ಮೇಲಿನ ಜಾಲರಿಯ ಆಚೆಯಿಂದ, ಇಪ್ಪತ್ತಾರು ವರ್ಷದಲ್ಲಿ ಮೊದಲ ಸಲ, ಶ್ ಸಾರ್ ಕಟ್ಟಡ ನಡುಗುವ ಹಾಗೆ ಕೂಗಿದರು. "ಒಳಗೆ ಯಾರಿದೀರಿ? ಬದುಕಿದೀರೇನ್ರೀ?"

ನಾನು ಪುಸ್ತಕದಿಂದ ಕಣ್ಣೆತ್ತದೆ "ಶ್" ಎಂದೆ.